ಟೂಮ್‌ಸ್ಟೋನಿನ ದೆವ್ವದ ನಡಿಗೆ: ಹೋಗುವವರಿಗೆ ಹಂತ ಹಂತದ ಮಾರ್ಗದರ್ಶಿ

ಅಮೆರಿಕದ ಅರಿಜೋನಾದಲ್ಲಿ ನೆಲೆಸಿದ ಕನ್ನಡಿಗರೂ, ಮಕ್ಕಳ ಮನೆಗೆಂದು ಅಲ್ಲಿಗೆ ಹೋಗಿ ಬರುವ ಅಪ್ಪ-ಅಮ್ಮಂದಿರೂ ಮತ್ತೆ ಮತ್ತೆ ಒಂದೇ ಬಗೆಯ ಪ್ರಶ್ನೆ ಕೇಳುತ್ತಾರೆ. ಟೂಮ್‌ಸ್ಟೋನ್ ಎಂಬ ಹಳೆಯ ಗಣಿ ಊರಿನಲ್ಲಿ ಸಂಜೆಯ ಮೇಲೆ ನಡೆಸುವ ‘ಗೋಸ್ಟ್ ವಾಕ್’ಗೆ, ಅಂದರೆ ಮಾರ್ಗದರ್ಶಿಯ ಹಿಂದೆ ಬೀದಿ ಬೀದಿ ಸುತ್ತುತ್ತ ದೆವ್ವದ ಕಥೆ ಕೇಳುವ ನಡಿಗೆಗೆ, ಹೋಗಬಹುದೇ? ಮಕ್ಕಳನ್ನು ಕರೆದೊಯ್ದರೆ ಹೆದರುತ್ತಾರೆಯೇ? ದೆವ್ವ ನಿಜಕ್ಕೂ ಕಾಣುತ್ತದೆಯೇ?

ಕೊನೆಯ ಪ್ರಶ್ನೆಯಿಂದಲೇ ಆರಂಭಿಸೋಣ. ಟಿಕೆಟ್ ಕೊಂಡವರಿಗೆಲ್ಲ ರಾತ್ರಿ ಎಂಟಕ್ಕೆ ಸರಿಯಾಗಿ ದರ್ಶನ ಕೊಡುವಷ್ಟು ಶಿಸ್ತಿನ ದೆವ್ವ ಯಾವ ಊರಿನಲ್ಲೂ ಇಲ್ಲ. ದೆವ್ವ ನೋಡಲೆಂದೇ ಹೋಗುವವರು ಬೇಸರಪಟ್ಟು ಮರಳುತ್ತಾರೆ. ನೂರ ನಲವತ್ತು ವರ್ಷಗಳ ಹಿಂದೆ ಇದೇ ಮೂಲೆಯಲ್ಲಿ ಯಾರು ಯಾರನ್ನು ಕೊಂದರು, ಏಕೆ ಕೊಂದರು ಎಂಬುದನ್ನು ಆ ಜಾಗದಲ್ಲೇ ಕತ್ತಲಲ್ಲಿ ನಿಂತು ಕೇಳುವ ಆಸೆ ಇದ್ದವರಿಗೆ ಮಾತ್ರ ಕೊಟ್ಟ ಹಣ ಸಾರ್ಥಕವಾಗುತ್ತದೆ. ಅದಕ್ಕೂ ಒಂದು ಷರತ್ತಿದೆ. ಅದೇ ದಿನ ಹಗಲಿನಲ್ಲಿ ಊರನ್ನು ಒಮ್ಮೆ ನೋಡಿರಬೇಕು. ಈ ಲೇಖನದ ಹಂತ 4 ಅದಕ್ಕೇ ಮೀಸಲು.

ಮೊದಲು ಊರಿನ ಬಗ್ಗೆ ಇಷ್ಟು ಗೊತ್ತಿರಲಿ

ಟೂಮ್‌ಸ್ಟೋನ್ ಇರುವುದು ಅರಿಜೋನಾದ ಆಗ್ನೇಯ ಮೂಲೆಯ ಕೊಚೀಸ್ ಕೌಂಟಿಯಲ್ಲಿ, ಮೆಕ್ಸಿಕೊ ಗಡಿಯಿಂದ ಸುಮಾರು 50 ಕಿಲೋಮೀಟರ್ ಉತ್ತರಕ್ಕೆ. ಇಂಥ ಊರುಗಳನ್ನು ಅಲ್ಲಿ ‘ಫ್ರಾಂಟಿಯರ್ ಟೌನ್’ ಎನ್ನುತ್ತಾರೆ. ಹತ್ತೊಂಬತ್ತನೆಯ ಶತಮಾನದಲ್ಲಿ ಬಿಳಿಯ ವಲಸಿಗರು ಪಶ್ಚಿಮಕ್ಕೆ ಸರಿಯುತ್ತ ಹೋದಂತೆ ಅವರ ವಸತಿಯ ಅಂಚಿನಲ್ಲಿ ದಿಢೀರನೆ ಎದ್ದ ಊರುಗಳಿವು. ಜನ ಮೊದಲು ಬಂದರು, ಕಾನೂನು ಆಮೇಲೆ ಬಂತು. ಆ ನೆಲದಲ್ಲಿ ಅದಕ್ಕೂ ಮೊದಲೇ ಚಿರಿಕಾವಾ ಅಪಾಚೆ ಜನರು ಬದುಕಿದ್ದರು. ಕೌಂಟಿಗೆ ಹೆಸರು ಬಂದದ್ದೂ ಅವರ ನಾಯಕ ಕೊಚೀಸನಿಂದ.

1877ರಲ್ಲಿ ಎಡ್ ಶೀಫೆಲಿನ್ ಎಂಬಾತ ಒಬ್ಬನೇ ಇಲ್ಲಿನ ಗುಡ್ಡಗಳಲ್ಲಿ ಅದಿರು ಹುಡುಕುತ್ತಿದ್ದ. ನಿನಗೆ ಅಲ್ಲಿ ಸಿಗುವ ಕಲ್ಲು ನಿನ್ನ ಗೋರಿಕಲ್ಲು (ಇಂಗ್ಲಿಷಿನಲ್ಲಿ ‘ಟೂಮ್‌ಸ್ಟೋನ್’) ಮಾತ್ರ ಎಂದು ಸೈನಿಕರು ಗೇಲಿ ಮಾಡಿದರಂತೆ. ಅವನಿಗೆ ಬೆಳ್ಳಿ ಸಿಕ್ಕಿತು. ಗಣಿಗೆ ಆ ಗೇಲಿಯ ಮಾತನ್ನೇ ಹೆಸರಾಗಿಟ್ಟ. 1879ರಲ್ಲಿ ಊರು ಹುಟ್ಟಿತು. ಎರಡು ವರ್ಷಗಳಲ್ಲಿ ಸಾವಿರಾರು ಜನ, ಸಾಲು ಸಾಲು ಮದ್ಯದಂಗಡಿ, ಜೂಜಿನ ಮನೆ, ಪತ್ರಿಕೆ, ಇಗರ್ಜಿ, ನಾಟಕಶಾಲೆ ಎಲ್ಲ ಬಂದವು. ಗಣಿಯ ಆಳದಲ್ಲಿ ನೀರು ಉಕ್ಕಿತು. 1886ರಲ್ಲಿ ನೀರೆತ್ತುವ ದೊಡ್ಡ ಯಂತ್ರಕ್ಕೆ ಬೆಂಕಿ ಬಿತ್ತು, ಜನ ಖಾಲಿಯಾದರು. 1929ರಲ್ಲಿ ಕೌಂಟಿಯ ಕೇಂದ್ರವೂ ಬಿಸ್ಬೀ ಪಟ್ಟಣಕ್ಕೆ ಹೋಯಿತು. ಈಗ ಅಲ್ಲಿರುವವರು ಸುಮಾರು 1,300 ಮಂದಿ. ಅವರಲ್ಲಿ ಬಹಳಷ್ಟು ಜನರ ಹೊಟ್ಟೆಪಾಡು ಸತ್ತವರ ಕಥೆಯ ಮೇಲೆಯೇ ನಡೆಯುತ್ತದೆ.

ಹಂತ 1: ಯಾವ ನಡಿಗೆ ಎಂದು ನಿರ್ಧರಿಸಿ

ಜನ ಎಡವುವುದು ಇಲ್ಲೇ. ‘ಗೋಸ್ಟ್ ಟೂರ್’ ಎಂಬ ಒಂದೇ ಹೆಸರಿನಡಿ ಮೂರು ಬೇರೆ ಬೇರೆ ಸರಕು ಮಾರಾಟವಾಗುತ್ತದೆ.

ಮೊದಲನೆಯದು ಬೀದಿ ನಡಿಗೆ. ಗಂಟೆಯೋ ಒಂದೂವರೆ ಗಂಟೆಯೋ ಊರಿನ ಮುಖ್ಯ ಬೀದಿಯಾದ ಅಲೆನ್ ಸ್ಟ್ರೀಟ್ ಮತ್ತು ಅಕ್ಕಪಕ್ಕದ ಬೀದಿಗಳಲ್ಲಿ ನಡೆಸಿ, ಕಟ್ಟಡಗಳ ಹೊರಗೆ ನಿಲ್ಲಿಸಿ ಕಥೆ ಹೇಳುತ್ತಾರೆ. ಚರಿತ್ರೆ ಹೆಚ್ಚು, ಭಯ ಕಡಿಮೆ. ಮೊದಲ ಸಲ ಹೋಗುವವರಿಗೆ, ಮಕ್ಕಳಿರುವವರಿಗೆ, ಹಿರಿಯರಿರುವವರಿಗೆ ಇದೇ ಸರಿ.

ಎರಡನೆಯದು ಕಟ್ಟಡದ ಒಳಗಿನ ಸುತ್ತಾಟ. ಬರ್ಡ್ ಕೇಜ್ ಥಿಯೇಟರ್ ಎಂಬ ಹಳೆಯ ನಾಟಕಶಾಲೆ ತಾನೇ ಇಂಥದ್ದನ್ನು ರಾತ್ರಿ ನಡೆಸುತ್ತದೆ. ಕಿರಿದಾದ ಮೆಟ್ಟಿಲು, ಹಳೆಯ ನೆಲಮಾಳಿಗೆ, ಧೂಳು. ಉಬ್ಬಸ ಇರುವವರು, ಇಕ್ಕಟ್ಟಿಗೆ ಹೆದರುವವರು ಯೋಚಿಸಿ ಹೋಗಿ.

ಮೂರನೆಯದನ್ನು ‘ಇನ್ವೆಸ್ಟಿಗೇಶನ್’ ಎಂದು ಕರೆಯುತ್ತಾರೆ. ತಡರಾತ್ರಿಯವರೆಗೆ ಕತ್ತಲ ಕೋಣೆಯಲ್ಲಿ ಉಪಕರಣ ಹಿಡಿದು ಕೂರುವ ‘ಪತ್ತೇದಾರಿ’ ಅದು. ಬೆಲೆ ಹೆಚ್ಚು, ಕಥೆ ಕಡಿಮೆ, ಕಾಯುವುದೇ ಹೆಚ್ಚು. ದೆವ್ವದ ಟಿ.ವಿ. ಕಾರ್ಯಕ್ರಮಗಳನ್ನು ಬಿಡದೆ ನೋಡುವವರಿಗೆ ಖುಷಿ ಕೊಡಬಹುದು. ಉಳಿದವರಿಗೆ ನಿದ್ದೆ ಬರುತ್ತದೆ.

ಕುದುರೆಗಾಡಿಯಲ್ಲೋ ಟ್ರಾಲಿಯಲ್ಲೋ ಕೂರಿಸಿ ಸುತ್ತಿಸುವ ಪ್ರವಾಸಗಳೂ ಇರುತ್ತವೆ. ಮಂಡಿನೋವಿನವರಿಗೆ ಅನುಕೂಲ, ಆದರೆ ಸದ್ದಿನಲ್ಲಿ ಅರ್ಧ ಕಥೆ ಕೇಳಿಸುವುದಿಲ್ಲ.

ಹಂತ 2: ಕಾಲ ನೋಡಿ ದಿನ ಗೊತ್ತುಮಾಡಿ

ಅರಿಜೋನಾ ಎಂದರೆ ಸುಡುವ ಮರುಭೂಮಿ ಎಂದುಕೊಂಡು ಹತ್ತಿಯ ಅಂಗಿಯಲ್ಲಿ ಬರುವವರು ರಾತ್ರಿ ನಡುಗುತ್ತಾರೆ. ಟೂಮ್‌ಸ್ಟೋನ್ ಇರುವುದು ಸಮುದ್ರಮಟ್ಟದಿಂದ ಸುಮಾರು 1,380 ಮೀಟರ್ ಎತ್ತರದಲ್ಲಿ. ಫೀನಿಕ್ಸಿಗಿಂತ ಸಾವಿರ ಮೀಟರ್ ಮೇಲೆ. ಡಿಸೆಂಬರ್, ಜನವರಿಯ ರಾತ್ರಿ ಸೊನ್ನೆ ಡಿಗ್ರಿಯ ಹತ್ತಿರ ಇಳಿಯುವುದು ಅಲ್ಲಿ ಮಾಮೂಲು. ಮಾರ್ಚ್‌ನಿಂದ ಮೇ, ಅಕ್ಟೋಬರ್‌ನಿಂದ ನವೆಂಬರ್ ಒಳ್ಳೆಯ ತಿಂಗಳುಗಳು.

ಜುಲೈಯಿಂದ ಸೆಪ್ಟೆಂಬರ್ ನಡುಭಾಗದವರೆಗೆ ಅಲ್ಲಿಯೂ ಮುಂಗಾರು, ಅವರೂ ಅದನ್ನು ‘ಮಾನ್ಸೂನ್’ ಎಂದೇ ಕರೆಯುತ್ತಾರೆ. ನಮ್ಮ ಮಲೆನಾಡಿನಂತೆ ದಿನವಿಡೀ ಹಿಡಿದು ಸುರಿಯುವ ಮಳೆಯಲ್ಲ. ಮಧ್ಯಾಹ್ನದ ಮೇಲೆ ಮೋಡ ಕಟ್ಟಿ, ಸಂಜೆಗೆ ಗುಡುಗು ಸಿಡಿಲಿನೊಂದಿಗೆ ಒಂದೇ ಸಲ ಬಡಿಯುತ್ತದೆ. ನಡಿಗೆ ರದ್ದಾಗುವುದು ಸಣ್ಣ ನಷ್ಟ. ದೊಡ್ಡ ಅಪಾಯ ರಸ್ತೆಯಲ್ಲಿದೆ. ‘ವಾಶ್’ ಎಂದು ಕರೆಯುವ ಒಣಹಳ್ಳಗಳು ನಿಮಿಷಗಳಲ್ಲಿ ತುಂಬಿ ರಸ್ತೆಯ ಮೇಲೆ ಹರಿಯುತ್ತವೆ. ತಡೆ ಹಾಕಿದ ರಸ್ತೆಗೆ ನುಗ್ಗಿ ನೀರಿನಲ್ಲಿ ಸಿಕ್ಕಿಬಿದ್ದರೆ ರಕ್ಷಣಾ ಕಾರ್ಯದ ಖರ್ಚನ್ನು ಚಾಲಕನಿಂದಲೇ ವಸೂಲು ಮಾಡುವ ಕಾಯ್ದೆ ಅರಿಜೋನಾದಲ್ಲಿದೆ. ಜನ ಅದಕ್ಕೆ ಇಟ್ಟಿರುವ ಅಡ್ಡಹೆಸರು ‘ಪೆದ್ದ ಚಾಲಕರ ಕಾಯ್ದೆ’.

ಅಕ್ಟೋಬರ್‌ನಲ್ಲಿ ‘ಹೆಲ್ಡೊರಾಡೊ ಡೇಸ್’ ಎಂಬ ಊರಹಬ್ಬ ನಡೆಯುತ್ತದೆ. 1929ರಲ್ಲಿ ಶುರುವಾದದ್ದು. ವೇಷ, ಮೆರವಣಿಗೆ, ಗುಂಡಿನ ಸದ್ದು ಎಲ್ಲ ಇರುತ್ತದೆ, ಕೋಣೆ ಮಾತ್ರ ಸಿಗುವುದಿಲ್ಲ. ಹಬ್ಬ ನೋಡಬೇಕೆಂದಿದ್ದರೆ ಬಹಳ ಮೊದಲೇ ಕಾದಿರಿಸಿ. ನಡಿಗೆಗೆಂದೇ ಹೋಗುವವರು ಆ ವಾರಾಂತ್ಯವನ್ನು ತಪ್ಪಿಸಿ, ಸಾಧ್ಯವಾದರೆ ವಾರದ ನಡುವಿನ ದಿನ ಹೋಗಿ. ಗುಂಪು ಚಿಕ್ಕದಿದ್ದಷ್ಟೂ ಮಾರ್ಗದರ್ಶಿ ಬಾಯಿಬಿಡುತ್ತಾರೆ.

ಸೂರ್ಯಾಸ್ತ ಜೂನ್‌ನಲ್ಲಿ ಸಂಜೆ ಏಳೂವರೆಗೆ, ಡಿಸೆಂಬರ್‌ನಲ್ಲಿ ಐದೂಕಾಲರ ಸುಮಾರಿಗೆ. ಬೇಸಿಗೆಯಲ್ಲಿ ಆರೂವರೆಯ ನಡಿಗೆಗೆ ಟಿಕೆಟ್ ತೆಗೆದುಕೊಂಡರೆ ಬಿಸಿಲಿನಲ್ಲಿ ದೆವ್ವದ ಕಥೆ ಕೇಳಬೇಕಾಗುತ್ತದೆ. ಇನ್ನೊಂದು ಮಾತು: ಅರಿಜೋನಾದ ಬಹುಭಾಗದಲ್ಲಿ ಬೇಸಿಗೆಗೆ ಗಡಿಯಾರವನ್ನು ಒಂದು ಗಂಟೆ ಮುಂದಿಡುವ ಪದ್ಧತಿ ಇಲ್ಲ. ಬೇಸಿಗೆಯಲ್ಲಿ ನ್ಯೂ ಮೆಕ್ಸಿಕೊ ಕಡೆಯಿಂದ ಬರುವವರ ಕೈಗಡಿಯಾರ ಒಂದು ಗಂಟೆ ಮುಂದಿರುತ್ತದೆ.

ಹಂತ 3: ಕಾದಿರಿಸುವ ಮುನ್ನ ಐದು ಪ್ರಶ್ನೆ

ಟಿಕೆಟ್ ಕೊಳ್ಳುವ ಮೊದಲು ಫೋನ್ ಮಾಡಿ ಇಷ್ಟು ಕೇಳಿ. ಗುಂಪಿನಲ್ಲಿ ಗರಿಷ್ಠ ಎಷ್ಟು ಜನ? ಕಟ್ಟಡದ ಒಳಗೆ ಹೋಗುತ್ತೇವೆಯೇ, ಹೊರಗೇ ನಿಲ್ಲುತ್ತೇವೆಯೇ? ಮಕ್ಕಳಿಗೆ ವಯಸ್ಸಿನ ಮಿತಿ ಇದೆಯೇ? ಮಳೆ ಬಂದರೆ ಹಣ ವಾಪಸೋ, ಬೇರೆ ದಿನವೋ? ನಡುವೆ ಮದ್ಯದಂಗಡಿಯಲ್ಲಿ ನಿಲ್ಲುತ್ತೀರಾ?

ಕೊನೆಯದನ್ನು ಕೇಳಲು ಕಾರಣವಿದೆ. ಕೆಲವು ನಡಿಗೆಗಳು ಸಲೂನಿನಿಂದ ಸಲೂನಿಗೆ ಹೋಗುವ ಕುಡಿತದ ಸುತ್ತು. ಇಲ್ಲಿ ಸಲೂನ್ ಎಂದರೆ ಕ್ಷೌರದಂಗಡಿಯಲ್ಲ, ಹಳೆಯ ಕಾಲದ ಮದ್ಯದಂಗಡಿ. ಅರಿಜೋನಾದಲ್ಲಿ 21 ವರ್ಷ ತುಂಬದವರಿಗೆ ಮದ್ಯ ಕೊಡುವಂತಿಲ್ಲ. ಹಾಗಾಗಿ ಗುಂಪಿನಲ್ಲಿ ಹುಡುಗರಿದ್ದರೆ ಅವರು ಬಾಗಿಲಲ್ಲಿ ನಿಲ್ಲಬೇಕಾಗಬಹುದು.

ಹಂತ 4: ಹಗಲಿನಲ್ಲೇ ಊರನ್ನು ಓದಿಕೊಳ್ಳಿ

ಟೂಸಾನ್‌ನಿಂದ ಸುಮಾರು 110 ಕಿಲೋಮೀಟರ್, ಫೀನಿಕ್ಸ್‌ನಿಂದ ಸುಮಾರು 300. ಅಂತರರಾಜ್ಯ ಹೆದ್ದಾರಿ 10ರಲ್ಲಿ ಪೂರ್ವಕ್ಕೆ ಬಂದು ಬೆನ್ಸನ್ ಬಳಿ ರಾಜ್ಯ ಹೆದ್ದಾರಿ 80ಕ್ಕೆ ಇಳಿದು ದಕ್ಷಿಣಕ್ಕೆ ತಿರುಗಬೇಕು. ಬಸ್ಸನ್ನು ನೆಚ್ಚಬೇಡಿ, ಕಾರು ಬೇಕೇಬೇಕು. ಮಧ್ಯಾಹ್ನ ಹನ್ನೆರಡರ ಹೊತ್ತಿಗೆ ತಲುಪುವಂತೆ ಹೊರಡಿ. ನೋಡಬೇಕಾದ ನಾಲ್ಕು ಜಾಗಗಳಿವೆ, ನಾಲ್ಕೂ ರಾತ್ರಿಯ ಕಥೆಗಳಿಗೆ ಬೇರು.

ಬೂಟ್‌ಹಿಲ್ ಸ್ಮಶಾನ. ಬೆನ್ಸನ್ ಕಡೆಯಿಂದ ಬರುವಾಗ ಊರಿಗೆ ಮೊದಲೇ ಸಿಗುತ್ತದೆ. ಹೆಸರಿನ ಅರ್ಥ, ಹಾಸಿಗೆಯಲ್ಲಿ ಸಾಯದೆ ಕಾಲಲ್ಲಿ ಬೂಟು ಇದ್ದಂತೆಯೇ ಸತ್ತವರನ್ನು ಹೂಳುವ ಗುಡ್ಡ. 1884ರ ತನಕ ಊರಿನ ಮುಖ್ಯ ಸ್ಮಶಾನ ಇದೇ ಆಗಿತ್ತು. ಸುಮಾರು 250 ಗೋರಿಗಳಿವೆ. ಸಂಜೆಗೇ ಬಾಗಿಲು ಹಾಕುವುದರಿಂದ ರಾತ್ರಿಗೆಂದು ಉಳಿಸಿಕೊಳ್ಳಬೇಡಿ. ಲೆಸ್ಟರ್ ಮೂರ್ ಎಂಬಾತನ ಫಲಕದ ಮೇಲಿನ ಪ್ರಾಸದ ಮುಂದೆ ಎಲ್ಲರೂ ಫೋಟೋ ತೆಗೆಸಿಕೊಳ್ಳುತ್ತಾರೆ. ನಾಲ್ಕು ಗುಂಡು ತಿಂದ, ಇನ್ನು ಅವನಿಲ್ಲ ಎಂಬರ್ಥದ ಚೇಷ್ಟೆಯ ಸಾಲುಗಳವು. ತೆಗೆದುಕೊಳ್ಳಿ, ಆದರೆ ಈಗಿನ ಫಲಕಗಳು ಮೂಲದವಲ್ಲ ಎಂಬುದು ತಿಳಿದಿರಲಿ. ದಶಕಗಟ್ಟಲೆ ಪಾಳುಬಿದ್ದಿದ್ದ ಜಾಗವನ್ನು ಇಪ್ಪತ್ತನೆಯ ಶತಮಾನದಲ್ಲಿ ಊರವರು ತೆರವು ಮಾಡಿ ಮತ್ತೆ ನಿಲ್ಲಿಸಿದ್ದವು. ಈ ಊರಿನ ಹೆಸರಾಂತ ಗುಂಡಿನ ಕಾಳಗದಲ್ಲಿದ್ದ ವ್ಯಾಟ್ ಅರ್ಪ್‌ನ ಗೋರಿಯನ್ನು ಹುಡುಕುತ್ತ ಬಿಸಿಲಲ್ಲಿ ಅಲೆಯಲೂ ಬೇಡಿ. ಆತ 1929ರಲ್ಲಿ ಲಾಸ್ ಏಂಜಲೀಸಿನಲ್ಲಿ ತೀರಿಕೊಂಡ. ಅವನ ಗೆಳೆಯ ಡಾಕ್ ಹಾಲಿಡೇ 1887ರಲ್ಲಿ ಕೊಲೊರಾಡೊದಲ್ಲಿ ಸತ್ತ. ಇಲ್ಲಿರುವವರು ಆ ಕಾಳಗದಲ್ಲಿ ಸತ್ತ ಅವರ ಎದುರಾಳಿಗಳು: ಬಿಲ್ಲಿ ಕ್ಲಾಂಟನ್, ಟಾಮ್ ಮತ್ತು ಫ್ರ್ಯಾಂಕ್ ಮೆಕ್‌ಲೌರಿ ಸಹೋದರರು. 1906ರಲ್ಲಿ ತೀರಿಕೊಂಡ, ಊರಿನ ಚೀನೀ ಕೇರಿಯ ಯಜಮಾನಿ ‘ಚೈನಾ ಮೇರಿ’ಯ ಗೋರಿಯನ್ನೂ ನೋಡಿ. ರಾತ್ರಿಯ ಮಾರ್ಗದರ್ಶಿಗೆ ಕೇಳಲು ಒಂದು ಒಳ್ಳೆಯ ಪ್ರಶ್ನೆ ಅಲ್ಲಿ ಸಿಗುತ್ತದೆ.

ಓಕೆ ಕೊರಾಲ್. ಕೊರಾಲ್ ಎಂದರೆ ಕುದುರೆ ಕಟ್ಟುವ ಬೇಲಿಯಂಗಳ. 1881ರ ಅಕ್ಟೋಬರ್ 26ರ ಮಧ್ಯಾಹ್ನ ಸುಮಾರು ಮೂರು ಗಂಟೆಗೆ ನಡೆದ ಗುಂಡಿನ ಕಾಳಗಕ್ಕೆ ಇದೇ ಹೆಸರು ಅಂಟಿಕೊಂಡಿದೆ. ನಿಜವಾಗಿ ಅದು ನಡೆದದ್ದು ಈ ಅಂಗಳದಲ್ಲಲ್ಲ. ಅದರ ಹಿಂಬಾಗಿಲಿನಿಂದ ಕೆಲವು ಮನೆಗಳಾಚೆ, ಫ್ರೀಮಾಂಟ್ ಸ್ಟ್ರೀಟ್ ಪಕ್ಕ, ಫ್ಲೈ ಎಂಬ ಛಾಯಾಗ್ರಾಹಕನ ಸ್ಟುಡಿಯೊ ಬದಿಯ ಇಕ್ಕಟ್ಟಾದ ಖಾಲಿ ಜಾಗದಲ್ಲಿ. ಸುಮಾರು 30 ಸೆಕೆಂಡು, ಸುಮಾರು 30 ಗುಂಡು, ಮೂವರ ಸಾವು. ಜಗಳದ ತಕ್ಷಣದ ನೆಪ ಒಂದು ಊರನಿಯಮ: ಪಟ್ಟಣದೊಳಗೆ ಆಯುಧ ಹೊತ್ತು ತಿರುಗುವಂತಿಲ್ಲ. ಅದನ್ನು ಜಾರಿ ಮಾಡಲು ಹೊರಟವನು ಪಟ್ಟಣದ ಪೊಲೀಸ್ ಮುಖ್ಯಸ್ಥ ವರ್ಜಿಲ್ ಅರ್ಪ್. ಜೊತೆಗೆ ಹೋದವರು ತಮ್ಮಂದಿರಾದ ವ್ಯಾಟ್ ಮತ್ತು ಮಾರ್ಗನ್, ಹಾಗೂ ಹಾಲಿಡೇ. ಆ ಖಾಲಿ ಜಾಗ ಎಷ್ಟು ಚಿಕ್ಕದೆಂದು ಹಗಲಲ್ಲಿ ಕಣ್ಣಿಂದ ಅಳೆದುಕೊಳ್ಳಿ. ಇಷ್ಟು ಹತ್ತಿರದಿಂದಲೂ ಅಷ್ಟೊಂದು ಗುಂಡು ಗುರಿ ತಪ್ಪಿದ್ದು ಹೇಗೆ ಎಂಬ ಬೆರಗು ಯಾವ ದೆವ್ವದ ಕಥೆಗೂ ಕಡಿಮೆಯಲ್ಲ.

ನ್ಯಾಯಾಲಯ. 1882ರಲ್ಲಿ ಕಟ್ಟಿದ ಕೆಂಪು ಇಟ್ಟಿಗೆಯ ಕಟ್ಟಡ, ಈಗ ವಸ್ತುಸಂಗ್ರಹಾಲಯ. ಅಂಗಳದಲ್ಲಿ ನೇಣುಗಂಬದ ಮರುನಿರ್ಮಾಣ ಇದೆ. ಒಂದು ಗಂಟೆ ಇಲ್ಲಿಗೆ ಕೊಡಿ. ರಾತ್ರಿ ಕೇಳುವ ಹೆಸರುಗಳಲ್ಲಿ ಯಾವುದು ದಾಖಲೆಯದು ಎಂಬುದು ಇಲ್ಲಿಯೇ ಗೊತ್ತಾಗುವುದು.

ಬರ್ಡ್ ಕೇಜ್ ಥಿಯೇಟರ್. 1881ರ ಡಿಸೆಂಬರ್ 26ರಂದು ಶುರುವಾದ ನಾಟಕಶಾಲೆ, ಕುಡಿತ, ಜೂಜು, ವೇಶ್ಯಾಗೃಹ ಎಲ್ಲ ಒಂದೇ ಸೂರಿನಡಿ. ಗೋಡೆಯ ಗುಂಡಿನ ತೂತುಗಳನ್ನು, ‘ಬ್ಲ್ಯಾಕ್ ಮೊರಾಯಾ’ ಎಂಬ ಶವದ ಬಂಡಿಯನ್ನು ಹಗಲಿನಲ್ಲಿ ಸಾವಕಾಶವಾಗಿ ನೋಡಬಹುದು. ರಾತ್ರಿ ನೂಕುನುಗ್ಗಲಲ್ಲಿ ಇವು ಕಾಣುವುದೇ ಇಲ್ಲ.

ಹಂತ 5: ಏನು ಹಾಕಿಕೊಳ್ಳಬೇಕು, ಏನು ಒಯ್ಯಬೇಕು

ಗಟ್ಟಿ ಅಡಿಯ, ಬೆರಳು ಮುಚ್ಚುವ ಬೂಟು. ಅಲೆನ್ ಸ್ಟ್ರೀಟಿನ ಎರಡೂ ಬದಿಗೆ ಹಲಗೆಯ ಕಾಲುದಾರಿ ಇದೆ. ಮಟ್ಟ ಒಂದೇ ಸಮ ಇಲ್ಲ, ಅಲ್ಲಲ್ಲಿ ಮೆಟ್ಟಿಲು. ಸೀರೆ ಉಟ್ಟ ಅಮ್ಮಂದಿರು ನೆರಿಗೆಯನ್ನು ಸ್ವಲ್ಪ ಎತ್ತಿ ಉಟ್ಟರೆ ಒಳ್ಳೆಯದು, ಚಪ್ಪಲಿ ಮಾತ್ರ ಬೇಡವೇ ಬೇಡ.

ಒಂದು ಬೆಚ್ಚನೆಯ ಮೇಲಂಗಿ, ಒಬ್ಬೊಬ್ಬರಿಗೆ ಒಂದು ಬಾಟಲಿ ನೀರು, ಚಿಕ್ಕ ಟಾರ್ಚು. ಮೊಬೈಲ್ ತುಂಬ ಚಾರ್ಜ್ ಇರಲಿ. ಚಿಲ್ಲರೆ ಡಾಲರ್ ನೋಟುಗಳಿರಲಿ, ನಡಿಗೆ ಮುಗಿದ ಮೇಲೆ ಮಾರ್ಗದರ್ಶಿಗೆ ಟಿಪ್ಸ್ ಕೊಡುವುದು ಅಲ್ಲಿನ ರೂಢಿ. ಟಿಕೆಟ್ ಬೆಲೆಯ ಶೇಕಡಾ 15ರಿಂದ 20 ಸಾಕು.

ಊಟವನ್ನು ನಡಿಗೆಗೆ ಮೊದಲೇ ಮುಗಿಸಿ. ಪ್ರವಾಸಿಗರು ಹೋದ ಮೇಲೆ ಊರು ಬೇಗ ಮಲಗುತ್ತದೆ. ಸಸ್ಯಾಹಾರಿಗಳಿಗೆ ಆಯ್ಕೆ ಮೊದಲೇ ಕಡಿಮೆ, ರಾತ್ರಿ ಒಂಬತ್ತರ ಮೇಲೆ ಇನ್ನೂ ಕಡಿಮೆ. ಮೊಸರನ್ನದ ಡಬ್ಬಿ ಕಾರಿನಲ್ಲಿದ್ದರೆ ಯಾರೂ ನಗುವುದಿಲ್ಲ.

ಪಾಸ್‌ಪೋರ್ಟ್ ಒಯ್ಯಲೇಬೇಕು. ಏಕೆಂಬುದು ಕೊನೆಯ ಹಂತದಲ್ಲಿದೆ.

ಹಂತ 6: ನಡಿಗೆಯಲ್ಲಿ ನಡೆದುಕೊಳ್ಳುವ ಬಗೆ

ಹದಿನೈದು ನಿಮಿಷ ಮೊದಲೇ ಸೇರುವ ಜಾಗದಲ್ಲಿರಿ. ಮಾರ್ಗದರ್ಶಿಯ ಹತ್ತಿರ, ಮುಂದಿನ ಸಾಲಿನಲ್ಲಿ ನಡೆಯಿರಿ. ಹಳೆಯ ಪಶ್ಚಿಮದ ಉಚ್ಚಾರಣೆಯಲ್ಲಿ ವೇಗವಾಗಿ ಮಾತಾಡುವ ಮಾರ್ಗದರ್ಶಿ ಸಿಕ್ಕರೆ ಹಿಂದೆ ಇರುವವರಿಗೆ ಏನೂ ತಿಳಿಯುವುದಿಲ್ಲ. ಅಪ್ಪ-ಅಮ್ಮನಿಗೆ ಕನ್ನಡದಲ್ಲಿ ಹೇಳಬೇಕಿದ್ದರೆ ಒಂದು ನಿಲುಗಡೆಯಿಂದ ಇನ್ನೊಂದಕ್ಕೆ ನಡೆಯುವಾಗ ಹೇಳಿ. ಕಥೆಯ ನಡುವೆ ಪಿಸುಗುಟ್ಟುವುದು ಉಳಿದವರಿಗೆ ಕಿರಿಕಿರಿ.

ಹಗಲಿನಲ್ಲಿ ಆ ಗುಂಡಿನ ಕಾಳಗವನ್ನು ಅಭಿನಯಿಸಿ ತೋರಿಸುವವರಂತೆ ಕೆಲವು ಮಾರ್ಗದರ್ಶಿಗಳೂ ವೇಷ ಧರಿಸಿ ಸೊಂಟಕ್ಕೆ ಬಂದೂಕು ಕಟ್ಟಿರುತ್ತಾರೆ. ಅರಿಜೋನಾದಲ್ಲಿ ಬಂದೂಕು ಕಾಣುವಂತೆ ಧರಿಸುವುದು ಕಾನೂನುಬದ್ಧ, ಹಾಗಾಗಿ ವೇಷದವರದಲ್ಲದ, ನಿಜವಾದ ಬಂದೂಕೂ ಪಕ್ಕದಲ್ಲೇ ಇರಬಹುದು. ಆಯುಧ ತರಬೇಡಿ ಎಂದದ್ದಕ್ಕೆ ಹೆಣ ಬಿದ್ದ ಊರಿನಲ್ಲಿ ಇಂದು ಇದು ಸಹಜ ದೃಶ್ಯ! ಮುಟ್ಟಲು ಹೋಗಬೇಡಿ, ತಮಾಷೆಗೂ ‘ಗುರಿ ಇಡು’ ಎನ್ನಬೇಡಿ.

ಕಾಲುದಾರಿ ಬಿಟ್ಟು ಪೊದೆಗೆ, ಬಯಲಿಗೆ ಇಳಿಯಬೇಡಿ. ಬೆಚ್ಚನೆಯ ತಿಂಗಳುಗಳಲ್ಲಿ ಬುಡುಬುಡಿಕೆ ಹಾವುಗಳು ರಾತ್ರಿಯೇ ಹೊರಗೆ ಬರುವುದು. ಊರಿನ ಸುತ್ತ ಬಿಟ್ಟುಹೋದ ಗಣಿಬಾವಿಗಳಿವೆ. ನಡಿಗೆ ಮುಗಿದ ಹುರುಪಿನಲ್ಲಿ ‘ನಾವೇ ಹುಡುಕೋಣ’ ಎಂದು ಹೊರಡುವ ಯುವಕರು ಹೆದರಬೇಕಾದದ್ದು ಇದಕ್ಕೆ. ಮೇಲೆ ಕೊಳೆತ ಹಲಗೆ, ಕೆಳಗೆ ಹತ್ತಾರು ಮೀಟರ್ ಆಳ. ಅನುಮತಿ ಇಲ್ಲದೆ ಖಾಸಗಿ ನೆಲಕ್ಕೆ ಕಾಲಿಡುವುದು ಅಪರಾಧವೂ ಹೌದು.

ಉಪಕರಣಗಳ ಬಗ್ಗೆ ಎರಡು ಮಾತು. ದೀಪ ಮಿನುಗಿಸುವ ಒಂದು ಪೆಟ್ಟಿಗೆಯನ್ನು ಕೈಗೆ ಕೊಡುತ್ತಾರೆ, ಅದನ್ನು ಇಎಂಎಫ್ ಮೀಟರ್ ಎನ್ನುತ್ತಾರೆ. ವಿದ್ಯುತ್ಕಾಂತೀಯ ಕ್ಷೇತ್ರವನ್ನು ಅಳೆಯುವ ಸಾಧನ. ಗೋಡೆಯೊಳಗಿನ ಹಳೆಯ ತಂತಿಗೂ ನಿಮ್ಮ ಜೇಬಿನ ಮೊಬೈಲಿಗೂ ಅದು ಮಿನುಗುತ್ತದೆ. ‘ಸ್ಪಿರಿಟ್ ಬಾಕ್ಸ್’ ಎಂದರೆ ರೇಡಿಯೊ ನಿಲ್ದಾಣಗಳ ಮೇಲೆ ನಿಲ್ಲದೆ ಓಡುವ ಪೆಟ್ಟಿಗೆ. ತುಂಡು ತುಂಡು ಮಾತು ಕೇಳಿಸುತ್ತದೆ, ಅರ್ಥವನ್ನು ನಾವು ಜೋಡಿಸುತ್ತೇವೆ. ಎರಡು ಬಗ್ಗಿದ ತಾಮ್ರದ ಕಡ್ಡಿ ಕೊಟ್ಟರೆ, ಅದು ಬೋರ್‌ವೆಲ್‌ಗೆ ಜಾಗ ಗುರುತಿಸುವವರು ಹಿಡಿಯುವ ಕವಲುಕಡ್ಡಿಯ ಅಣ್ಣತಮ್ಮ. ನಮಗರಿವಿಲ್ಲದೆಯೇ ಕೈ ಅಲುಗುತ್ತದೆ, ಕಡ್ಡಿ ತಿರುಗುತ್ತದೆ. ಫೋಟೋದಲ್ಲಿ ಬಿಳಿ ಗುಂಡುಚುಕ್ಕೆ ಬಂದರೆ ಅದಕ್ಕೆ ‘ಆರ್ಬ್’ ಎಂಬ ಹೆಸರಿದೆ. ಫ್ಲ್ಯಾಶ್ ಬೆಳಕು ಧೂಳಿನ ಕಣಕ್ಕೆ ತಾಗಿದರೆ ಹಾಗೆ ಕಾಣುತ್ತದೆ, ಟೂಮ್‌ಸ್ಟೋನಿನಲ್ಲಿ ಧೂಳಿಗೆ ಬರವಿಲ್ಲ. ಆಟಿಕೆ ಎಂದು ಹಿಡಿದರೆ ಇವೆಲ್ಲ ಮಜವೇ. ಮಾರ್ಗದರ್ಶಿಯೊಡನೆ ವಾದಕ್ಕಿಳಿದು ಉಳಿದವರ ಸಂಜೆ ಕೆಡಿಸಬೇಡಿ.

ಹಂತ 7: ಕಥೆಯನ್ನು ಜರಡಿ ಹಿಡಿಯಿರಿ

ತೊಂಬತ್ತರ ದಶಕದಲ್ಲಿ ಮನೆಯ ಕದದ ಮೇಲೆ ‘ನಾಳೆ ಬಾ’ ಎಂದು ಬರೆದುಕೊಂಡವರಿಗೆ ದೆವ್ವದ ಸುದ್ದಿ ಬಾಯಿಂದ ಬಾಯಿಗೆ ಹೇಗೆ ಕೊಬ್ಬುತ್ತದೆ ಎಂದು ವಿವರಿಸಬೇಕಿಲ್ಲ. ಪ್ರತಿ ನಿಲುಗಡೆಯಲ್ಲೂ ಮನಸ್ಸಿನಲ್ಲೇ ಮೂರು ವಿಷಯ ಕೇಳಿಕೊಳ್ಳಿ: ಸತ್ತವನ ಹೆಸರಿದೆಯೇ, ತಾರೀಖಿದೆಯೇ, ಆತ ನಿಜಕ್ಕೂ ಇಲ್ಲಿ ಸತ್ತನೇ?

ಉದಾಹರಣೆಗೆ, ಉದ್ದನೆಯ ಕಪ್ಪು ಕೋಟಿನ ಗಂಡಸೊಬ್ಬ ಅಲೆನ್ ಸ್ಟ್ರೀಟ್ ದಾಟಲು ಹೊರಟು ನಡುವೆಯೇ ಮಾಯವಾಗುತ್ತಾನೆ, ಅವನೇ ವರ್ಜಿಲ್ ಅರ್ಪ್ ಎಂಬುದು ಊರಿನ ಮೆಚ್ಚಿನ ಕಥೆ. 1881ರ ಡಿಸೆಂಬರ್ 28ರ ರಾತ್ರಿ ಅದೇ ಬೀದಿಯಲ್ಲಿ ಅವನ ಮೇಲೆ ಮರೆಯಿಂದ ಗುಂಡು ಹಾರಿಸಿದ್ದು, ಎಡಗೈ ಶಾಶ್ವತವಾಗಿ ಊನವಾದದ್ದು ನಿಜ. ಆದರೆ ವರ್ಜಿಲ್ ಬದುಕಿ ಉಳಿದ. 1905ರಲ್ಲಿ ನೆವಾಡಾದಲ್ಲಿ ನ್ಯುಮೋನಿಯಾದಿಂದ ತೀರಿಕೊಂಡ. ಅವನ ಗೋರಿ ಇರುವುದು ದೂರದ ಆರೆಗಾನ್ ರಾಜ್ಯದ ಪೋರ್ಟ್‌ಲ್ಯಾಂಡಿನಲ್ಲಿ. ಇಪ್ಪತ್ತಮೂರು ವರ್ಷ ಬೇರೆಡೆ ಬಾಳಿದವನು ಒಂದು ಬೀದಿ ದಾಟಲು ಇಷ್ಟು ದೂರ ಏಕೆ ಬರಬೇಕು?

ಅವನ ತಮ್ಮ ಮಾರ್ಗನ್‌ನ ಕಥೆಗೆ ಗಟ್ಟಿ ನೆಲವಿದೆ. 1882ರ ಮಾರ್ಚ್ 18ರ ರಾತ್ರಿ ಅಲೆನ್ ಸ್ಟ್ರೀಟಿನ ಬಿಲಿಯರ್ಡ್ಸ್ ಮನೆಯಲ್ಲಿ ಆಡುತ್ತಿದ್ದಾಗ ಹಿಂಬಾಗಿಲ ಗಾಜಿನ ಮೂಲಕ ಬಂದ ಗುಂಡು ಅವನನ್ನು ಕೊಂದಿತು. ವ್ಯಾಟ್ ಅದೇ ಕೋಣೆಯಲ್ಲಿದ್ದ. ಆಮೇಲೆ ವ್ಯಾಟ್ ಹೊರಟ ಸೇಡಿನ ಸವಾರಿ ಈ ಸಾವಿನಿಂದಲೇ ಹುಟ್ಟಿದ್ದು. ಮಾರ್ಗದರ್ಶಿ ಇದನ್ನು ಬೇಗ ಮುಗಿಸಲು ಹೊರಟರೆ ಪ್ರಶ್ನೆ ಕೇಳಿ ನಿಲ್ಲಿಸಿ.

ಬರ್ಡ್ ಕೇಜ್ ಬಗ್ಗೆ ಸಂಖ್ಯೆಗಳು ಬಹಳ ಬರುತ್ತವೆ. ಅಲ್ಲಿ 26 ಜನ ಕೊಲೆಯಾದರು, ಒಂದೇ ಜೂಜಾಟ ಎಂಟು ವರ್ಷ ನಿಲ್ಲದೆ ನಡೆಯಿತು ಎನ್ನುತ್ತಾರೆ. ಇವು ಊರಿನ ಲೆಕ್ಕ, ದಾಖಲೆಯ ಲೆಕ್ಕವಲ್ಲ. ಆ ಕಾಲದಲ್ಲಿ ಊರಿನಲ್ಲಿ ‘ಎಪಿಟಾಫ್’, ‘ನಗೆಟ್’ ಎಂಬ ಎರಡು ಪತ್ರಿಕೆಗಳಿದ್ದವು, ಒಂದಕ್ಕೊಂದು ಹಗೆ. ಒಬ್ಬನ ಮೂಗಿಗೆ ಪೆಟ್ಟಾದರೂ ಸುದ್ದಿ ಮಾಡುತ್ತಿದ್ದ ಕಾಲವದು. ಕೊಲೆ ಎಂದರೆ ದಿನಾಂಕ ಕೇಳಿ.

ನನ್ನ ಮಟ್ಟಿಗೆ ಈ ಊರಿನ ಅತ್ಯಂತ ಮೈ ಜುಮ್ಮೆನ್ನಿಸುವ ಕಥೆಯಲ್ಲಿ ದೆವ್ವವೇ ಇಲ್ಲ. 1883ರ ಡಿಸೆಂಬರ್ 8ರಂದು ಬಿಸ್ಬೀಯ ಅಂಗಡಿಯೊಂದರ ದರೋಡೆಯಲ್ಲಿ ನಾಲ್ವರು ಸತ್ತರು, ಅವರಲ್ಲಿ ಒಬ್ಬಳು ಗರ್ಭಿಣಿ. ಸಂಚು ಹೂಡಿದ ಆರೋಪದ ಜಾನ್ ಹೀತ್‌ಗೆ ಮರಣದಂಡನೆ ಆಗಲಿಲ್ಲ, ಜೈಲಾಯಿತು. ಕೆರಳಿದ ಜನ 1884ರ ಫೆಬ್ರುವರಿ 22ರಂದು ಅವನನ್ನು ಜೈಲಿನಿಂದ ಎಳೆದು ತಂದು ಟಫ್‌ನಟ್ ಸ್ಟ್ರೀಟಿನ ತಂತಿಕಂಬಕ್ಕೆ ನೇತುಹಾಕಿದರು. ಸಾವಿನ ವಿಚಾರಣೆಯ ವೈದ್ಯಕೀಯ ಅಭಿಪ್ರಾಯ ಏನೆಂದಿತು ಗೊತ್ತೇ? ಶ್ವಾಸಕೋಶದ ಎಂಫಿಸೀಮಾ, ಅದು ಉಸಿರು ಕಟ್ಟಿದ್ದರಿಂದ ಬಂದಿರಬಹುದು, ತಾನೇ ಮಾಡಿಕೊಂಡದ್ದೋ ಬೇರೆ ವಿಧದಲ್ಲೋ! ಇಡೀ ಊರು ಕೂಡಿ ಕೊಂದದ್ದನ್ನು ಕಾಗದದ ಮೇಲೆ ಕಾಯಿಲೆಯಾಗಿಸಿದ ಜಾಣತನ ಅದು. ಉಳಿದ ಐವರನ್ನು ಮಾರ್ಚ್ 28ರಂದು ಕಾನೂನಿನಂತೆ ಗಲ್ಲಿಗೇರಿಸಲು ನಿಗದಿಯಾದಾಗ, ನೋಡಲು ಟಿಕೆಟ್ ಇಟ್ಟು ಅಟ್ಟಣೆ ಕಟ್ಟಲಾಯಿತು. ನೆಲ್ಲಿ ಕ್ಯಾಶ್‌ಮನ್ ಎಂಬ ಐರಿಷ್ ಮೂಲದ ಹೋಟೆಲ್ ಒಡತಿ ಇದನ್ನು ಸಹಿಸಲಿಲ್ಲ. ಅವಳ ಮಾತಿಗೆ ಓಗೊಟ್ಟ ಗಣಿಗಾರರು ರಾತ್ರೋರಾತ್ರಿ ಆ ಅಟ್ಟಣೆಯನ್ನು ಒಡೆದುಹಾಕಿದರು. ಟಫ್‌ನಟ್ ಸ್ಟ್ರೀಟಿನಲ್ಲಿ ನಿಂತಾಗ ಈ ಇಬ್ಬರ ಹೆಸರನ್ನು ಮಾರ್ಗದರ್ಶಿ ಎತ್ತದಿದ್ದರೆ ನೀವೇ ಎತ್ತಿ. ಚೀನೀ ಕೇರಿಯ ಬಗ್ಗೆ, ಅಪಾಚೆಗಳ ಬಗ್ಗೆಯೂ ಕೇಳಿ. ಕೌಬಾಯ್ ಕಥೆ ಹೇಳಿ ಹೇಳಿ ದಣಿದವರು ಇಂಥ ಪ್ರಶ್ನೆಗೆ ಅರಳುತ್ತಾರೆ.

ಮಕ್ಕಳ ವಿಷಯ ಇಲ್ಲಿಗೇ ಸೇರುತ್ತದೆ. ಹತ್ತು ವರ್ಷದೊಳಗಿನವರಿಗೆ ಕತ್ತಲಿಗಿಂತ ಇಂಥ ವಿವರಗಳೇ ಭಾರ: ನೇಣು, ವೇಶ್ಯಾಗೃಹ, ಆತ್ಮಹತ್ಯೆ. ಮಾರ್ಗದರ್ಶಿಗೆ ಮೊದಲೇ ಹೇಳಿಟ್ಟರೆ ಬಹುತೇಕರು ಮಾತು ಹದ ಮಾಡಿಕೊಳ್ಳುತ್ತಾರೆ. ಮಗು ಅಳಲು ತೊಡಗಿದರೆ ಬೈದು ನಿಲ್ಲಿಸಬೇಡಿ, ಒಬ್ಬರು ಹಿಂದಿರುಗಿ.

ಹಂತ 8: ಮರಳುವ ದಾರಿ

ಇದನ್ನು ಹಗುರವಾಗಿ ಎಣಿಸುವವರೇ ಹೆಚ್ಚು. ಟೂಮ್‌ಸ್ಟೋನ್‌ನಿಂದ ಬೆನ್ಸನ್ ಕಡೆಗೆ, ಅಂದರೆ ಉತ್ತರಕ್ಕೆ, ಹೆದ್ದಾರಿ 80ರಲ್ಲಿ ಗಡಿ ಗಸ್ತು ಪಡೆಯ ತಪಾಸಣಾ ಠಾಣೆ ಇದೆ. ಕೆಲವೊಮ್ಮೆ ಮುಚ್ಚಿರುತ್ತದೆ, ತೆರೆದಿದ್ದರೆ ಪ್ರತಿ ವಾಹನವೂ ನಿಲ್ಲಬೇಕು. ‘ನೀವು ಅಮೆರಿಕದ ಪ್ರಜೆಯೇ?’ ಎಂಬುದೇ ಮೊದಲ ಪ್ರಶ್ನೆ. ಅಲ್ಲ ಎಂದಾದರೆ ದಾಖಲೆ ತೋರಿಸಬೇಕು. ಹದಿನೆಂಟು ತುಂಬಿದ ವಿದೇಶೀಯರು ತಮ್ಮ ನೋಂದಣಿ ದಾಖಲೆಯನ್ನು ಸದಾ ಜೊತೆಗಿಟ್ಟುಕೊಂಡಿರಬೇಕೆಂಬುದು ಅಲ್ಲಿನ ಕಾನೂನು. ಗ್ರೀನ್ ಕಾರ್ಡ್ ಇರುವವರು ಆ ಕಾರ್ಡನ್ನೇ, ಎಚ್-1ಬಿ ಮುಂತಾದ ವೀಸಾದವರು ಪಾಸ್‌ಪೋರ್ಟ್, ವೀಸಾ ಪುಟ ಮತ್ತು ಐ-94 ಎಂಬ ಪ್ರವೇಶ ದಾಖಲೆಯ ಮುದ್ರಿತ ಪ್ರತಿಯನ್ನು ಒಯ್ಯಿರಿ. ಪ್ರವಾಸಿ ವೀಸಾದಲ್ಲಿ ಬಂದ ತಂದೆ-ತಾಯಿಯ ಪಾಸ್‌ಪೋರ್ಟ್ ಮಕ್ಕಳ ಮನೆಯ ಕಪಾಟಿನಲ್ಲಿ ಭದ್ರವಾಗಿ ಕುಳಿತಿರುವುದು ಸಾಮಾನ್ಯ. ಹೊರಡುವ ಮುನ್ನ ಅದನ್ನು ತೆಗೆಸಿ. ಮೊಬೈಲಿನಲ್ಲಿರುವ ಫೋಟೋವನ್ನು ನಂಬಿ ಹೋಗಬೇಡಿ.

ಠಾಣೆಯಲ್ಲಿ ಕಿಟಕಿ ಇಳಿಸಿ, ಒಳಗಿನ ದೀಪ ಹಾಕಿ, ಕೇಳಿದ್ದಕ್ಕಷ್ಟೇ ಉತ್ತರಿಸಿ. ಇಂಗ್ಲಿಷ್ ಬಾರದ ಹಿರಿಯರಿದ್ದರೆ ಅವರ ಪರವಾಗಿ ನೀವು ಮಾತಾಡುತ್ತೀರಿ ಎಂದು ಮೊದಲೇ ತಿಳಿಸಿ. ದೆವ್ವದ ತಮಾಷೆ ಇಲ್ಲಿ ಬೇಡ.

ಬೆನ್ಸನ್‌ವರೆಗಿನ ಸುಮಾರು 40 ಕಿಲೋಮೀಟರ್ ದಾರಿಯಲ್ಲಿ ಬೆಳಕು ಕಡಿಮೆ, ಜಿಂಕೆಗಳೂ ಹಾವೆಲೀನಾ ಎಂಬ ಕಾಡುಹಂದಿಯಂಥ ಪ್ರಾಣಿಗಳೂ ರಸ್ತೆಗೆ ಅಡ್ಡ ಬರುತ್ತವೆ. ಇಂಧನವನ್ನು ಮಧ್ಯಾಹ್ನವೇ ತುಂಬಿಸಿಕೊಂಡಿರಿ. ಫೀನಿಕ್ಸ್‌ವರೆಗೆ ಅದೇ ರಾತ್ರಿ ಓಡಿಸುವುದು ಮೂರು ಗಂಟೆಯ ಕೆಲಸ. ದಣಿದಿದ್ದರೆ ಊರಿನಲ್ಲೋ, ಪಕ್ಕದ ಸಿಯರಾ ವಿಸ್ಟಾದಲ್ಲೋ ತಂಗಿ. ಬೆಳಿಗ್ಗೆ ಹೊರಟರೂ ಉತ್ತರಕ್ಕೆ ಹೋಗುವ ರಸ್ತೆಗಳಲ್ಲಿ ಇಂಥ ಠಾಣೆ ಸಿಗುತ್ತದೆ, ಆದ್ದರಿಂದ ಪಾಸ್‌ಪೋರ್ಟ್‌ಗಳನ್ನು ಡಿಕ್ಕಿಯ ಪೆಟ್ಟಿಗೆಗೆ ಸೇರಿಸದೆ ಮುಂದಿನ ಸೀಟಿನಲ್ಲೇ ಇಟ್ಟುಕೊಳ್ಳಿ.